ಸಾಕ್ಷ್ಯಚಿತ್ರದಲ್ಲಿ ಅನ್ನ ಉಂಟೇ?

"ಮಾಸ್ಟ್ರೇ, ಅವಳಿಗೆ ನೀವಾದರೂ ಸ್ವಲ್ಪ ಹೇಳಿ. ಡಾಕ್ಯುಮೆಂಟರಿ ತೆಗೆಯುವುದನ್ನು ಕಲಿಯುತ್ತಾಳಂತೆ. ಅದು ಎಂತದು ಮಾಸ್ಟ್ರೇ? ಅದರಲ್ಲಿ ಅನ್ನ ಉಂಟಾ?"

ಬೇಸಗೆ ರಜೆಯ ಒಂದು ಸಂಜೆ ಬಂಟ್ವಾಳ ಪೇಟೆಯಲ್ಲಿ ನನ್ನನ್ನು ತಡೆದು ನಿಲ್ಲಿಸಿ ಹೀಗೆ ಕೇಳಿದ ತಾಯಿ ಆಗಷ್ಟೇ ಬ್ರಾಂಚಿಗೆ ಬೀಡಿ ಕೊಟ್ಟು, ಮರುದಿನಕ್ಕೆ ಬೇಕಾದ ಎಲೆ ಮತ್ತು ಹೊಗೆಸೊಪ್ಪು ತೆಗೆದುಕೊಂಡು ಮನೆಗೆ ಹೊರಟಿದ್ದರು. ಅವರ ಮಗಳು ಹೈಸ್ಕೂಲಿನಲ್ಲಿ ನನ್ನ ವಿದ್ಯಾರ್ಥಿನಿ. ಎಸ್ಸೆಸ್ಸೆಲ್ಸಿಯಲ್ಲಿ ಒಳ್ಳೆಯ ಅಂಕ ಬಂತೆಂದು ಪಿಯುಸಿಗೆ ವಿಜ್ಞಾನ ತೆಗೆದುಕೊಂಡವಳು. ದ್ವಿತೀಯ ಪಿಯುಸಿ ಮುಗಿಯುತ್ತಲೇ ಹೀಗೆ ಬೇರೆಯೇ ರಾಗ ಎಳೆದಿದ್ದಾಳೆ. ತಾಯಿಯ ಪ್ರಶ್ನೆಗೆ ನನ್ನಲ್ಲಿ ಆ ಹೊತ್ತಿಗೆ ಉತ್ತರವಿರಲಿಲ್ಲ.

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಹೀಗೆ ಮೂರು ಕಡೆ ಸೇರಿ ಮೂವತ್ತು ವರ್ಷ ಮಕ್ಕಳಿಗೆ ವಿಜ್ಞಾನ ಕಲಿಸಿದ್ದೇನೆ. ಇಂಜಿನಿಯರಿಂಗ್, ನರ್ಸಿಂಗ್, ಐಟಿಐ, ಬಿಎಡ್ ಎಂದರೆ ದಾರಿ ಹೇಳಬಲ್ಲೆ. ಆದರೆ ಸಾಕ್ಷ್ಯಚಿತ್ರದ ಬಗ್ಗೆ ನನಗಿದ್ದ ತಿಳಿವಳಿಕೆ ಬಾಲ್ಯದ್ದು. ಆಗ ಟಾಕೀಸಿನಲ್ಲಿ ಸಿನಿಮಾ ಆರಂಭವಾಗುವ ಮೊದಲು ಸರಕಾರದ ಫಿಲ್ಮ್ಸ್ ಡಿವಿಜನ್‌ನ ಸುದ್ದಿಚಿತ್ರ ಅಥವಾ ಸಾಕ್ಷ್ಯಚಿತ್ರ ಕಡ್ಡಾಯವಾಗಿ ಬರುತ್ತಿತ್ತು. ಅಣೆಕಟ್ಟು, ನೆರೆಹಾವಳಿ, ಮಂತ್ರಿಗಳ ಉದ್ಘಾಟನೆ. ಆ ಹೊತ್ತಿನಲ್ಲಿ ಹೆಚ್ಚಿನವರು ಹೊರಗೆ ಹೋಗಿ ಚಹಾ ಕುಡಿದು ಬರುತ್ತಿದ್ದರು. ಅಂಥ ಚಿತ್ರ ತೆಗೆಯುವುದಕ್ಕೆ ಒಬ್ಬ ಹುಡುಗಿ ತನ್ನ ಬದುಕನ್ನು ಮುಡಿಪಾಗಿಡಬೇಕೇ ಎಂಬುದು ಆ ತಾಯಿಯ ಮಾತ್ರವಲ್ಲ, ನನ್ನ ಸಂಶಯವೂ ಆಗಿತ್ತು.

"ಒಂದು ವಾರ ಸಮಯ ಕೊಡಿ ಅಮ್ಮಾ, ವಿಚಾರಿಸಿ ಹೇಳುತ್ತೇನೆ" ಎಂದೆ. ಹಾಗೆ ವಿಚಾರಿಸುತ್ತಾ ಹೋದಾಗ ಸಿಕ್ಕಿದ ಹೆಸರು ದೀಪಾ ಧನರಾಜ್. ಅವರ ಚಿತ್ರಗಳ ಪಟ್ಟಿಯಲ್ಲಿ ಒಂದು ಹೆಸರು ನನ್ನನ್ನು ಹಿಡಿದು ನಿಲ್ಲಿಸಿತು. ಅದು ನಮ್ಮದೇ ರಾಜ್ಯದ ನಿಪ್ಪಾಣಿಯಲ್ಲಿ ತಂಬಾಕು ಕಾರ್ಖಾನೆಯ ಮಹಿಳೆಯರ ಬಗ್ಗೆ ತೆಗೆದ ಚಿತ್ರ.

ನಿಪ್ಪಾಣಿಯ ನಾಲ್ಕು ತಿಂಗಳು

ಬೀಡಿ ಮತ್ತು ನಮ್ಮ ಊರಿನ ನಂಟನ್ನು ಇಲ್ಲಿಯವರಿಗೆ ಹೇಳಬೇಕಾಗಿಲ್ಲ. ಎಲೆಯನ್ನು ನೆನೆಸಿ, ಕತ್ತರಿಸಿ, ಗೆರಸೆಯನ್ನು ತೊಡೆಯ ಮೇಲಿಟ್ಟು, ಹೊಗೆಸೊಪ್ಪಿನ ಪುಡಿ ತುಂಬಿ ಸುತ್ತಿ, ನೂಲು ಕಟ್ಟುವ ಕೆಲಸ ನಮ್ಮ ಮೂರು ತಾಲೂಕುಗಳ ಸಾವಿರಾರು ಮನೆಗಳ ಜಗಲಿಯಲ್ಲಿ ನಡೆದಿದೆ. ಎಷ್ಟೋ ಮಕ್ಕಳ ಪುಸ್ತಕ, ಸಮವಸ್ತ್ರ, ಬಸ್ಸಿನ ಪಾಸು ಎಲ್ಲವೂ ಬಂದದ್ದು ಅದರಿಂದಲೇ. ನಾನು ಬಿಎಸ್ಸಿ ಓದಿದ್ದೂ ಅಮ್ಮನ ಬೀಡಿಯ ದುಡ್ಡಿನಲ್ಲಿ. ಬೀಡಿ ಕಾರ್ಮಿಕರ ಮಕ್ಕಳ ವಿದ್ಯಾರ್ಥಿವೇತನದ ಅರ್ಜಿಗಳನ್ನು ವರ್ಷವೂ ತುಂಬಿಸಿ ಕೊಟ್ಟಿದ್ದೇನೆ. ಆದರೆ ಗೆರಸೆಗೆ ಬೀಳುವ ಮೊದಲು ಆ ಹೊಗೆಸೊಪ್ಪು ಯಾರ ಕೈ ದಾಟಿ ಬರುತ್ತದೆ ಎಂದು ನಾನಾಗಲೀ ನನ್ನ ಅಮ್ಮನಾಗಲೀ ಯೋಚಿಸಿದ್ದಿಲ್ಲ.

ಬೆಳಗಾವಿ ಜಿಲ್ಲೆಯ ನಿಪ್ಪಾಣಿ ಬೀಡಿ ತಂಬಾಕಿಗೆ ಹೆಸರಾದ ಊರು. 1981ರಲ್ಲಿ ಶರದ್ ಜೋಶಿಯವರ ನೇತೃತ್ವದಲ್ಲಿ ಅಲ್ಲಿನ ತಂಬಾಕು ಬೆಳೆಗಾರರು ಯೋಗ್ಯ ಬೆಲೆಗಾಗಿ ಹೆದ್ದಾರಿ ತಡೆದದ್ದು, ಪೊಲೀಸರ ಗೋಲಿಬಾರಿನಲ್ಲಿ ರೈತರು ಜೀವ ಕಳೆದುಕೊಂಡದ್ದು ಹಿರಿಯರಿಗೆ ನೆನಪಿರಬಹುದು. ಅಲ್ಲಿನ ಕಾರ್ಖಾನೆಗಳಲ್ಲಿ ತಂಬಾಕನ್ನು ಪುಡಿ ಮಾಡಿ, ಜರಡಿ ಹಿಡಿಯುವ ಕೆಲಸ ಮಾಡುತ್ತಿದ್ದವರು ಮಹಿಳೆಯರು. ದಿನವಿಡೀ ಘಾಟು, ದೂಳು. ಕೈಗೆ ಸಿಗುವ ಕೂಲಿ ಅಲ್ಪ. ಈ ಮಹಿಳೆಯರು ಸಂಘ ಕಟ್ಟಿಕೊಂಡರು. ಸುಮಾರು 3,000 ಮಂದಿ ಮುಷ್ಕರ ಹೂಡಿದರು.

ಇದನ್ನು ಚಿತ್ರೀಕರಿಸಿದ್ದು 'ಯುಗಾಂತರ್' ಎಂಬ ಪುಟ್ಟ ತಂಡ. 1980ರಲ್ಲಿ ಬೆಂಗಳೂರಿನಲ್ಲಿ ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಸೇರಿ ಕಟ್ಟಿದ ಈ ತಂಡದ ಉದ್ದೇಶ ಮಹಿಳೆಯರ ಬದುಕನ್ನು ಮಹಿಳೆಯರೊಂದಿಗೆ ಕುಳಿತು ಚಿತ್ರಿಸುವುದಾಗಿತ್ತು. ಮೊದಲ ಚಿತ್ರ 'ಮೋಲ್ಕರೀಣ್' (1981) ಪುಣೆಯ ಮನೆಗೆಲಸದ ಹೆಂಗಸರು ಸಂಘಟಿತರಾದುದರ ಬಗ್ಗೆ. ಎರಡನೆಯದೇ ನಿಪ್ಪಾಣಿಯ 'ತಂಬಾಕೂ ಚಾಕೀಲಾ ಊಬ್ ಆಲೀ' (1982). ಮರಾಠಿ ಮಾತಿನ, ಅರ್ಧ ಗಂಟೆಗೂ ಕಡಿಮೆ ಅವಧಿಯ, ಕಪ್ಪು ಬಿಳುಪಿನ ಚಿತ್ರ.

ಅರ್ಧ ಗಂಟೆಯೂ ಇಲ್ಲದ ಈ ಚಿತ್ರಕ್ಕಾಗಿ ತಂಡದವರು ನಿಪ್ಪಾಣಿಯಲ್ಲಿ ಆ ಮಹಿಳೆಯರೊಂದಿಗೆ ಕಳೆದದ್ದು ನಾಲ್ಕು ತಿಂಗಳು. ಕಾರ್ಖಾನೆಯೊಳಗೆ ಏನು ನಡೆಯುತ್ತದೆ, ಸಂಘ ಕಟ್ಟುವಾಗ ಯಾವ ಹೆದರಿಕೆ ಇತ್ತು, ಮನೆಯವರು ಏನೆಂದರು ಎಲ್ಲವನ್ನೂ ಕೇಳಿಸಿಕೊಂಡರು. ಮುಷ್ಕರದ ಕೆಲವು ಘಟನೆಗಳನ್ನು ಆ ಮಹಿಳೆಯರೇ ಕ್ಯಾಮರಾದ ಮುಂದೆ ಮತ್ತೆ ಮಾಡಿ ತೋರಿಸಿದರು. ಹೊರಗಿನವರೊಬ್ಬರು ಬಂದು ಬಡವರ ಬಗ್ಗೆ ವಿವರಣೆ ಕೊಡುವ ಚಿತ್ರವಲ್ಲ ಇದು. ದುಡಿಯುವವರೇ ತಮ್ಮ ಕಥೆ ಹೇಳಿಕೊಳ್ಳುವ ಚಿತ್ರ.

ಸಿನಿಮಾ ಚರಿತ್ರೆ ಓದಿದವರಿಗೆ ಇಲ್ಲೊಂದು ಸ್ವಾರಸ್ಯ ಕಾಣುತ್ತದೆ. 1895ರಲ್ಲಿ ಫ್ರಾನ್ಸಿನ ಲೂಮಿಯೇರ್ ಸಹೋದರರು ಪ್ಯಾರಿಸ್‌ನಲ್ಲಿ ಸಾರ್ವಜನಿಕರಿಗೆ ತೋರಿಸಿದ ಮೊದಲ ಚಿತ್ರಗಳಲ್ಲಿ ಒಂದು, ಅವರದೇ ಕಾರ್ಖಾನೆಯಿಂದ ಕೆಲಸಗಾರರು ಹೊರಬರುವ ದೃಶ್ಯ. ಒಂದು ನಿಮಿಷವೂ ಇಲ್ಲದ ಆ ಚಿತ್ರದಲ್ಲೂ ಹೆಂಗಸರೇ ಹೆಚ್ಚು. ಆದರೆ ಅಲ್ಲಿ ಕ್ಯಾಮರಾ ಗೇಟಿನ ಹೊರಗೆ ನಿಂತಿತ್ತು. ಅದು ಮಾಲಕರ ಕ್ಯಾಮರಾ. ಕೆಲಸಗಾರರ ಜತೆ ಗೇಟು ದಾಟಿ ಒಳಗೆ ಹೋಗಲು ಕ್ಯಾಮರಾಕ್ಕೆ ಬಹಳ ವರ್ಷ ಹಿಡಿಯಿತು.

ರೀಲಿನ ಲೆಕ್ಕ

ವಿಜ್ಞಾನದ ಅಧ್ಯಾಪಕನಾದ ನನಗೆ ಇದರ ಹಿಂದಿನ ಲೆಕ್ಕಾಚಾರದಲ್ಲಿ ಆಸಕ್ತಿ ಹುಟ್ಟಿತು. ಆ ಕಾಲದ ಸಾಕ್ಷ್ಯಚಿತ್ರಗಳನ್ನು ಹೆಚ್ಚಾಗಿ ತೆಗೆಯುತ್ತಿದ್ದುದು 16 ಮಿಲಿಮೀಟರ್ ಅಗಲದ ಫಿಲ್ಮಿನಲ್ಲಿ. ಅದರ ಒಂದು ಅಡಿಯಲ್ಲಿ 40 ಚಿತ್ರಚೌಕಗಳಿರುತ್ತವೆ. ಸೆಕೆಂಡಿಗೆ 24 ಚೌಕಗಳಂತೆ ಓಡಿಸಿದರೆ ಒಂದು ನಿಮಿಷಕ್ಕೆ 1,440 ಚೌಕ, ಅಂದರೆ 36 ಅಡಿ ಫಿಲ್ಮು. 400 ಅಡಿಯ ಒಂದು ರೀಲು ಸುಮಾರು 11 ನಿಮಿಷಕ್ಕೆ ಮುಗಿದುಹೋಗುತ್ತದೆ. ಬಳಿಕ ಅದನ್ನು ಕತ್ತಲೆಯಲ್ಲಿ ಬಿಚ್ಚಿ, ಲ್ಯಾಬೊರೇಟರಿಗೆ ಕಳುಹಿಸಿ, ಸಂಸ್ಕರಿಸಿ ಬಂದ ಮೇಲೆಯೇ ಚಿತ್ರ ಬಂದಿದೆಯೋ ಇಲ್ಲವೋ ಎಂದು ತಿಳಿಯುವುದು. ಪ್ರತಿ ಅಡಿಗೂ ದುಡ್ಡು. ಧ್ವನಿಯನ್ನು ಬೇರೆಯೇ ಯಂತ್ರದಲ್ಲಿ ಟೇಪಿಗೆ ಹಿಡಿದು, ಆಮೇಲೆ ಚಿತ್ರಕ್ಕೆ ಹೊಂದಿಸಬೇಕಾಗಿತ್ತು.

ಹೀಗಿರುವಾಗ ಕ್ಯಾಮರಾದ ಗುಂಡಿ ಒತ್ತುವ ಮೊದಲು ಹತ್ತು ಬಾರಿ ಯೋಚಿಸಬೇಕು. ಯಾರು ಮಾತಾಡುತ್ತಾರೆ, ಎಲ್ಲಿ ಕುಳಿತು ಮಾತಾಡುತ್ತಾರೆ, ಬೆಳಕು ಯಾವ ಕಡೆಯಿಂದ ಬೀಳುತ್ತದೆ ಎಂಬುದೆಲ್ಲ ಮೊದಲೇ ತಿಳಿದಿರಬೇಕು. ಅಂದರೆ ಮೊದಲು ಕೇಳುವ ಕೆಲಸ, ಆಮೇಲೆ ತೆಗೆಯುವ ಕೆಲಸ. ಇಂದು ಮೊಬೈಲಿನಲ್ಲಿ ಗಂಟೆಗಟ್ಟಲೆ ತೆಗೆದರೂ ಕಾಸು ಖರ್ಚಿಲ್ಲ. ಇದು ದೊಡ್ಡ ಅನುಕೂಲ, ಸಂಶಯವಿಲ್ಲ. ಆದರೆ ನಮ್ಮ ಮಕ್ಕಳು ಈಗ ಮೊದಲು ತೆಗೆಯುತ್ತಾರೆ. ಕೇಳುವುದು ಕೆಲವೊಮ್ಮೆ ನಡೆಯುವುದೇ ಇಲ್ಲ. ನಾವು ಪ್ರಯೋಗಶಾಲೆಯಲ್ಲಿ ಹೇಳುವುದೂ ಇದನ್ನೇ ತಾನೇ? ಮೊದಲು ನೋಡು, ಬರೆದುಕೋ, ಆಮೇಲೆ ಕೈ ಹಾಕು. ಸಾಕ್ಷ್ಯಚಿತ್ರವೆಂದರೆ ಮನುಷ್ಯರ ಬದುಕಿನ ಅವಲೋಕನ ಎಂದು ತಿಳಿದುಕೊಂಡರೆ ಅದಕ್ಕೂ ವಿಜ್ಞಾನದ ಶಿಸ್ತೇ ಬೇಕು.

ಚಿತ್ರ ಮುಗಿದ ಬಳಿಕವೂ ಕೆಲಸ ಮುಗಿಯುತ್ತಿರಲಿಲ್ಲ. ಟಿ.ವಿ. ಮನೆಮನೆಗೆ ಬಾರದ, ಟಾಕೀಸುಗಳು ಇಂಥ ಚಿತ್ರಗಳನ್ನು ಹಾಕದ ಆ ಕಾಲದಲ್ಲಿ ಪ್ರೊಜೆಕ್ಟರ್ ಹೊತ್ತುಕೊಂಡು ಹೋಗಿ ಸಂಘಗಳಲ್ಲಿ, ಬಸ್ತಿಗಳಲ್ಲಿ ಚಿತ್ರ ತೋರಿಸಬೇಕಾಗಿತ್ತು. ನೋಡಿದವರು ತಮ್ಮ ಕಷ್ಟ ಹೇಳಿಕೊಳ್ಳಲು ಆರಂಭಿಸುತ್ತಿದ್ದರು. ಆ ಮಾತುಕತೆಗಾಗಿಯೇ ಚಿತ್ರ.

ಒಬ್ಬ ನಿರ್ದೇಶಕಿಯ ದಾರಿ

ಹೈದರಾಬಾದ್ ಮೂಲದ ದೀಪಾ ಧನರಾಜ್ ಕಥಾಚಿತ್ರಗಳಲ್ಲಿ ಸಹಾಯಕಿಯಾಗಿ ಕೆಲಸ ಕಲಿತು, ಬಳಿಕ ಸಾಕ್ಷ್ಯಚಿತ್ರದ ಕಡೆಗೆ ಬಂದವರು. ತುರ್ತು ಪರಿಸ್ಥಿತಿಯ (1975–77) ಬಳಿಕ ದೇಶದಲ್ಲಿ ಮಹಿಳಾ ಸಂಘಟನೆಗಳು ಚುರುಕಾದ ಕಾಲವದು. ಯುಗಾಂತರ್ 1983ರಲ್ಲಿ ಇನ್ನೆರಡು ಚಿತ್ರಗಳನ್ನು ಮಾಡಿತು. ತೆಲುಗಿನ 'ಇದಿ ಕಥಾ ಮಾತ್ರಮೇನಾ' ಮನೆಯೊಳಗಿನ ಹಿಂಸೆಯ ಬಗ್ಗೆ. ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜತೆ ಸೇರಿ ಮಾಡಿದ ಈ ಚಿತ್ರಕ್ಕೆ ಕಥೆಯ ರೂಪವಿತ್ತು. 'ಸುದೇಶಾ' ಹಿಮಾಲಯದ ತಪ್ಪಲಿನ ಚಿಪ್ಕೋ ಚಳವಳಿಯ ಹಳ್ಳಿ ಮಹಿಳೆಯೊಬ್ಬರ ಬಗ್ಗೆ.

ಅನಂತರ 1986ರಲ್ಲಿ ಬಂದ 'ಕ್ಯಾ ಹುವಾ ಇಸ್ ಶಹರ್ ಕೋ?' 1984ರಲ್ಲಿ ಹೈದರಾಬಾದಿನಲ್ಲಿ ನಡೆದ ಕೋಮುಗಲಭೆಯ ಕಾರಣಗಳನ್ನು ಹುಡುಕುತ್ತದೆ. ಗಲಭೆಯ ನಡುವೆ ಕ್ಯಾಮರಾ ಹಿಡಿದು ನಿಲ್ಲುವುದು ಎಷ್ಟು ಅಪಾಯದ ಕೆಲಸ ಎಂದು ಬಿಡಿಸಿ ಹೇಳಬೇಕಿಲ್ಲ.

ನನ್ನನ್ನು ಹೆಚ್ಚು ತಟ್ಟಿದ್ದು 1991ರ 'ಸಮ್‌ಥಿಂಗ್ ಲೈಕ್ ಎ ವಾರ್'. 'ಯುದ್ಧದಂಥದ್ದು' ಎಂದು ಹೆಸರಿನ ಅರ್ಥ. ನಮ್ಮ ದೇಶದ ಕುಟುಂಬ ಯೋಜನೆ ಕಾರ್ಯಕ್ರಮದಲ್ಲಿ ಗುರಿ ಮುಟ್ಟಬೇಕೆಂಬ ಧಾವಂತಕ್ಕೆ ಬಡ ಹೆಂಗಸರ ದೇಹ ಹೇಗೆ ಲೆಕ್ಕದ ಅಂಕಿಯಾಯಿತು ಎಂಬುದನ್ನು ಈ ಚಿತ್ರ ತೋರಿಸುತ್ತದೆ. ಒಂದು ಕಡೆ ಶಿಬಿರದಲ್ಲಿ ಒಬ್ಬರ ಹಿಂದೆ ಒಬ್ಬರಂತೆ ಶಸ್ತ್ರಚಿಕಿತ್ಸೆ. ಮಾಡುವ ವೈದ್ಯರಿಗೆ ತಮ್ಮ ವೇಗದ ಬಗ್ಗೆ ಹೆಮ್ಮೆ. ಇನ್ನೊಂದು ಕಡೆ ಹಳ್ಳಿಯ ಹೆಂಗಸರು ಸುತ್ತ ಕುಳಿತು, ಹೆಣ್ಣಿನ ದೇಹದ ಚಿತ್ರ ಬರೆದು, ತಮ್ಮ ಅನುಭವಗಳನ್ನು ಹೇಳಿಕೊಳ್ಳುತ್ತಾರೆ. ಜನಸಂಖ್ಯೆಯ ಪಾಠವನ್ನು ಎಷ್ಟೋ ಸಲ ಮಾಡಿದ್ದೇನೆ. ಕಪ್ಪುಹಲಗೆಯ ಮೇಲೆ ಏರುಗೆರೆ ಎಳೆದು 'ಸ್ಫೋಟ' ಎಂದು ಬರೆದಿದ್ದೇನೆ. ಆ ಗೆರೆಯೊಳಗೆ ಒಬ್ಬ ಹೆಂಗಸು ಮೇಜಿನ ಮೇಲೆ ಮಲಗಿದ್ದಾಳೆ, ಅವಳ ಒಪ್ಪಿಗೆಯನ್ನು ಸರಿಯಾಗಿ ಕೇಳಿದ್ದಾರೆಯೇ ಎಂದು ನಾನು ಎಂದೂ ಪ್ರಶ್ನಿಸಿರಲಿಲ್ಲ.

1996ರಲ್ಲಿ ಕೇಂದ್ರ ಸರಕಾರ ಇಂಥ ಗುರಿ ನಿಗದಿ ಪದ್ಧತಿಯನ್ನು ಕೈಬಿಟ್ಟಿತು. ಆದರೆ ಶಿಬಿರಗಳು ನಿಲ್ಲಲಿಲ್ಲ. 2014ರ ನವೆಂಬರಿನಲ್ಲಿ ಛತ್ತೀಸ್‌ಗಢದ ಬಿಲಾಸ್‌ಪುರದ ಬಳಿ ಒಂದೇ ಶಿಬಿರದಲ್ಲಿ ಕೆಲವೇ ಗಂಟೆಗಳಲ್ಲಿ 83 ಮಹಿಳೆಯರಿಗೆ ಶಸ್ತ್ರಚಿಕಿತ್ಸೆ ನಡೆಯಿತು. ಆ ದಿನಗಳಲ್ಲಿ ಆ ಜಿಲ್ಲೆಯ ಶಿಬಿರಗಳಿಗೆ ಹೋದ ಹತ್ತಕ್ಕೂ ಹೆಚ್ಚು ಮಂದಿ ಸಾವಿಗೀಡಾದರು. 2016ರಲ್ಲಿ ಸುಪ್ರೀಂ ಕೋರ್ಟು ಇಂಥ ಶಿಬಿರಗಳನ್ನು ನಿಲ್ಲಿಸಲು ಹೇಳಿತು. ಚಿತ್ರ ಎಚ್ಚರಿಸಿದ್ದು ಅದಕ್ಕಿಂತ 25 ವರ್ಷ ಮೊದಲು. ಒಂದು ಸಾಕ್ಷ್ಯಚಿತ್ರ ಕಾನೂನನ್ನು ಬದಲಿಸಿತು ಎಂದು ನಾನು ಹೇಳುವುದಿಲ್ಲ. ಆದರೆ "ನಮಗೆ ಗೊತ್ತಿರಲಿಲ್ಲ" ಎಂದು ಯಾರೂ ಹೇಳದಂತೆ ಅದು ಸಾಕ್ಷಿ ಉಳಿಸಿತು. ಹೆಸರಿನಲ್ಲೇ 'ಸಾಕ್ಷ್ಯ' ಇದೆಯಲ್ಲ.

ಬಳಿಕವೂ ಅವರು ಕ್ಯಾಮರಾ ಕೆಳಗಿಡಲಿಲ್ಲ. ತಮಿಳುನಾಡಿನ ಮುಸ್ಲಿಂ ಮಹಿಳೆಯರು ನ್ಯಾಯಕ್ಕಾಗಿ ತಮ್ಮದೇ ಜಮಾತ್ ಕಟ್ಟಿಕೊಂಡುದರ ಬಗ್ಗೆ 'ಇನ್ವೋಕಿಂಗ್ ಜಸ್ಟಿಸ್' (2011), ಹೈದರಾಬಾದ್ ವಿಶ್ವವಿದ್ಯಾನಿಲಯದ ಸಂಶೋಧನ ವಿದ್ಯಾರ್ಥಿ ರೋಹಿತ್ ವೇಮುಲ 2016ರ ಜನವರಿಯಲ್ಲಿ ತೀರಿಕೊಂಡ ಬಳಿಕ ಎದ್ದ ವಿದ್ಯಾರ್ಥಿ ಚಳವಳಿಯ ಬಗ್ಗೆ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' (2018) ಬಂದವು. ಕರ್ನಾಟಕದ ಸರಕಾರಿ ಶಾಲಾ ಶಿಕ್ಷಕರ ತರಬೇತಿಗೂ ಅವರು ಚಿತ್ರಗಳನ್ನು ಮಾಡಿಕೊಟ್ಟಿದ್ದಾರೆ. 2023ರಲ್ಲಿ ಕೇರಳದ ಅಂತಾರಾಷ್ಟ್ರೀಯ ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರ ಉತ್ಸವದಲ್ಲಿ ಅವರಿಗೆ ಜೀವಮಾನದ ಸಾಧನೆಗಾಗಿ ಪ್ರಶಸ್ತಿ ಸಂದಿತು. ಅವರ ಬಾಳಸಂಗಾತಿಯೂ ಆಗಿದ್ದ ನವ್ರೋಜ್ ಕಾಂಟ್ರಾಕ್ಟರ್ ಅದೇ ವರ್ಷ ಜೂನ್‌ನಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಯುಗಾಂತರ್‌ನ ಹಳೆಯ ಚಿತ್ರಗಳನ್ನು ಜರ್ಮನಿಯ ಬರ್ಲಿನ್‌ನಲ್ಲಿರುವ ಆರ್ಸೆನಲ್ ಸಂಸ್ಥೆಯ ನೆರವಿನಿಂದ ಡಿಜಿಟಲ್ ರೂಪಕ್ಕೆ ತರಲಾಗಿದೆ. ಹಾಗಾಗಿಯೇ ನಾಲ್ಕು ದಶಕಗಳ ಬಳಿಕ ಬಂಟ್ವಾಳದ ಒಂದು ಶಾಲೆಯಲ್ಲಿ ಕುಳಿತು ಅವುಗಳಲ್ಲೊಂದನ್ನು ನೋಡಲು ನಮಗೆ ಸಾಧ್ಯವಾದದ್ದು.

"ಸಂಬಳ ಯಾರು ಕೊಟ್ಟದ್ದು?"

ಒಂದು ಶನಿವಾರ ಮಧ್ಯಾಹ್ನ ತಾಯಿ–ಮಗಳಿಬ್ಬರನ್ನೂ ಶಾಲೆಗೆ ಕರೆಸಿ, ತರಗತಿಯ ಟಿ.ವಿ.ಯಲ್ಲಿ ನಿಪ್ಪಾಣಿಯ ಚಿತ್ರ ಹಾಕಿದೆ. ತಾಯಿಗೆ ಮರಾಠಿ ಬಾರದು. ಕೆಳಗೆ ಓಡುವ ಇಂಗ್ಲಿಷ್ ಅಕ್ಷರಗಳನ್ನು ಮಗಳು ತುಳುವಿನಲ್ಲಿ ಹೇಳುತ್ತಾ ಹೋದಳು. ಅರ್ಧಕ್ಕೆ ಬರುವಾಗ ತಾಯಿ "ಸಾಕು, ನೀನು ಹೇಳುವುದು ಬೇಡ, ಗೊತ್ತಾಗ್ತದೆ" ಎಂದರು.

ಮುಗಿದ ಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು ಅವರು ಹೇಳಿದ ಮಾತು ನನಗಿನ್ನೂ ನೆನಪಿದೆ. "ಇವರೂ ನಮ್ಮ ಹಾಗೆಯೇ ಮಾಸ್ಟ್ರೇ. ಆದರೆ ಇವರು ಒಟ್ಟಿಗೆ ಕೂತಿದ್ದಾರೆ. ನಾವು ಒಬ್ಬೊಬ್ಬರು ಒಂದೊಂದು ಜಗಲಿಯಲ್ಲಿ. ಬ್ರಾಂಚಿನಲ್ಲಿ ಬೀಡಿ ಸರಿಯಿಲ್ಲ ಎಂದು ತೆಗೆದು ಬಿಸಾಡಿದರೆ ಅಳುವುದೂ ಒಬ್ಬರೇ."

ಕಾರ್ಖಾನೆಯ ಕೆಲಸಗಾರರಿಗೂ ಮನೆಯಲ್ಲಿ ಕುಳಿತು ಕೂಲಿ ಮಾಡುವವರಿಗೂ ಇರುವ ವ್ಯತ್ಯಾಸವನ್ನು ಅರ್ಥಶಾಸ್ತ್ರದ ಪುಸ್ತಕಗಳು ಪುಟಗಟ್ಟಲೆ ವಿವರಿಸುತ್ತವೆ. ಮನೆಯಲ್ಲಿ ಬೀಡಿ ಕಟ್ಟುವವರನ್ನೂ ಕಾರ್ಮಿಕರೆಂದು ಒಪ್ಪಿಕೊಳ್ಳುವ ಕಾಯಿದೆ ನಮ್ಮಲ್ಲಿ ಬಂದದ್ದು 1966ರಲ್ಲಿ. ಅವರ ಕಲ್ಯಾಣ ನಿಧಿಯ ಕಾಯಿದೆ ಬಂದದ್ದು 1976ರಲ್ಲಿ. ಅಷ್ಟನ್ನೂ ಆ ತಾಯಿ ನಾಲ್ಕು ವಾಕ್ಯಗಳಲ್ಲಿ ಹೇಳಿಬಿಟ್ಟಿದ್ದರು. ಅವರಿಂದ ಆ ಮಾತನ್ನು ಹೊರಡಿಸಿದ್ದು ನನ್ನ ಪಾಠವಲ್ಲ, 1982ರ ಒಂದು ಚಿತ್ರ.

ಮರುಕ್ಷಣವೇ ಅವರು ಕೇಳಿದರು: "ಇದನ್ನು ತೆಗೆದವರಿಗೆ ಸಂಬಳ ಯಾರು ಕೊಟ್ಟದ್ದು?"

ಈ ಪ್ರಶ್ನೆಯನ್ನು ತಪ್ಪಿಸಿಕೊಂಡು ಹೋಗುವಂತಿಲ್ಲ. ಸಾಮಾಜಿಕ ವಿಷಯಗಳ ಸಾಕ್ಷ್ಯಚಿತ್ರಕಾರರಿಗೆ ತಿಂಗಳ ಸಂಬಳ ಎಂಬುದಿಲ್ಲ. ಕಥಾಚಿತ್ರದಂತೆ ಟಿಕೇಟಿನ ದುಡ್ಡೂ ಬರುವುದಿಲ್ಲ. ಹಿಂದೆ ಫಿಲ್ಮ್ಸ್ ಡಿವಿಜನ್ ಇತ್ತು. 1948ರಲ್ಲಿ ಆರಂಭವಾದ ಆ ಸಂಸ್ಥೆಯನ್ನು 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಂದಿಗೆ ವಿಲೀನಗೊಳಿಸಲಾಯಿತು. ದೀಪಾ ಧನರಾಜ್ ಅವರ 1991ರ ಚಿತ್ರದ ಹಿಂದೆ ಬ್ರಿಟನ್ನಿನ ಚಾನೆಲ್ 4 ಇತ್ತು. ದೂರದರ್ಶನ, ವಿದೇಶದ ಟಿ.ವಿ. ವಾಹಿನಿಗಳು, ವಿಶ್ವವಿದ್ಯಾನಿಲಯಗಳು, ಸ್ವಯಂಸೇವಾ ಸಂಸ್ಥೆಗಳು ಹೀಗೆ ಅಲ್ಲಲ್ಲಿಂದ ಹಣ ಹೊಂದಿಸಿಕೊಳ್ಳುವುದೇ ಈ ದಾರಿಯ ಕ್ರಮ. ಒಂದು ಚಿತ್ರಕ್ಕೆ ಮೂರು ನಾಲ್ಕು ವರ್ಷ ಹಿಡಿಯುವುದುಂಟು. ತೆಗೆದ ಮೇಲೆ ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನಿಮಾಟೋಗ್ರಾಫ್ ಕಾಯಿದೆಯಂತೆ ಸೆನ್ಸಾರ್ ಪ್ರಮಾಣಪತ್ರ ಬೇಕು. ಸಮಾಜದ ಹುಣ್ಣನ್ನು ತೋರಿಸುವ ಚಿತ್ರಕ್ಕೆ ಅದೂ ಸುಲಭವಲ್ಲ.

ಭಾರತದ ಸಾಕ್ಷ್ಯಚಿತ್ರಗಳಿಗೆ ಈಗ ಜಗತ್ತಿನಲ್ಲಿ ಬೆಲೆ ಬಂದಿರುವುದು ನಿಜ. ಹಳ್ಳಿಯ ದಲಿತ ಮಹಿಳಾ ಪತ್ರಕರ್ತೆಯರ ಬಗೆಗಿನ 'ರೈಟಿಂಗ್ ವಿದ್ ಫೈರ್' 2022ರಲ್ಲಿ ಆಸ್ಕರ್ ಪ್ರಶಸ್ತಿಯ ಅಂತಿಮ ಸುತ್ತಿಗೆ ಹೋಯಿತು. ನಮ್ಮ ಬಂಡೀಪುರಕ್ಕೆ ತಾಗಿಕೊಂಡಿರುವ ಮುದುಮಲೆಯ ಆನೆ ಶಿಬಿರದಲ್ಲಿ ತೆಗೆದ 'ದಿ ಎಲಿಫೆಂಟ್ ವಿಸ್ಪರರ್ಸ್' 2023ರಲ್ಲಿ ಆಸ್ಕರ್ ಗೆದ್ದಿತು. ಆದರೆ ಪ್ರಶಸ್ತಿಯನ್ನು ನೋಡಿ ಈ ದಾರಿಗೆ ಇಳಿಯುವುದು, ಲಾಟರಿ ನಂಬಿ ಗದ್ದೆ ಮಾರಿದ ಹಾಗೆ.

ಹಾಗಾದರೆ ಅನ್ನ ಉಂಟೇ? ಉಂಟು; ಆದರೆ ಅದು ಹೆಚ್ಚಾಗಿ ಚಿತ್ರದಿಂದಲ್ಲ, ಚಿತ್ರಕ್ಕಾಗಿ ಕಲಿತ ವಿದ್ಯೆಯಿಂದ. ಸಂಕಲನ, ಛಾಯಾಗ್ರಹಣ, ಧ್ವನಿಗ್ರಹಣ ಇವುಗಳಲ್ಲಿ ಒಂದನ್ನು ಚೆನ್ನಾಗಿ ಕಲಿತವರು ಟಿ.ವಿ., ಜಾಹೀರಾತು, ಶೈಕ್ಷಣಿಕ ವೀಡಿಯೋ, ಕೊನೆಗೆ ಮದುವೆ ವೀಡಿಯೋದಿಂದಲಾದರೂ ಸಂಸಾರ ನಡೆಸಬಹುದು. ನೆರೆಯ ಕಾಸರಗೋಡಿನ ಎಂ. ಎ. ರಹ್ಮಾನ್ ಅವರ ಉದಾಹರಣೆಯನ್ನೇ ನೋಡಿ. ಕಾಲೇಜು ಅಧ್ಯಾಪಕರಾಗಿ ಇದ್ದುಕೊಂಡೇ ಅವರು ಸಾಹಿತಿ ವೈಕಂ ಮುಹಮ್ಮದ್ ಬಷೀರ್ ಅವರ ಬಗ್ಗೆ ರಾಷ್ಟ್ರ ಪ್ರಶಸ್ತಿ ಪಡೆದ ಚಿತ್ರ ಮಾಡಿದರು. ಎಂಡೋಸಲ್ಫಾನ್ ಸಂತ್ರಸ್ತರ ಬಗ್ಗೆಯೂ ಚಿತ್ರ ಮಾಡಿದರು.

ಕಲಿಯುವುದು ಎಲ್ಲಿ?

ಆಸಕ್ತಿ ಇರುವ ವಿದ್ಯಾರ್ಥಿಗಳಿಗಾಗಿ ಕೆಲವು ಮಾತು. ಪುಣೆಯ ಫಿಲ್ಮ್ ಅಂಡ್ ಟೆಲಿವಿಷನ್ ಇನ್‌ಸ್ಟಿಟ್ಯೂಟ್ ಮತ್ತು 1995ರಲ್ಲಿ ಆರಂಭವಾದ ಕೋಲ್ಕತಾದ ಸತ್ಯಜಿತ್ ರೇ ಸಂಸ್ಥೆ ಕೇಂದ್ರ ಸರಕಾರದವು. ಇವುಗಳ ಮುಖ್ಯ ಕೋರ್ಸುಗಳಿಗೆ ಪದವಿ ಮುಗಿಸಿ ಪ್ರವೇಶ ಪರೀಕ್ಷೆ ಬರೆಯಬೇಕು. ದಿಲ್ಲಿಯ ಜಾಮಿಯಾ ಮಿಲ್ಲಿಯಾ ವಿಶ್ವವಿದ್ಯಾನಿಲಯದ ಸಮೂಹ ಸಂವಹನ ಕೇಂದ್ರದಲ್ಲೂ ಪದವಿಯ ಬಳಿಕ ಕಲಿಯಬಹುದು. ನಮ್ಮ ರಾಜ್ಯದಲ್ಲಿ ಹೆಸರಘಟ್ಟದ ಸರಕಾರಿ ಫಿಲ್ಮ್ ಅಂಡ್ ಟೆಲಿವಿಷನ್ ಇನ್‌ಸ್ಟಿಟ್ಯೂಟಿನಲ್ಲಿ ಡಿಪ್ಲೊಮಾ ಇದೆ. ಈ ಕೋರ್ಸಿನ ಮೂಲ ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್. ಗುರುದತ್ತರ ಚಿತ್ರಗಳ ಛಾಯಾಗ್ರಾಹಕ, ಮೈಸೂರಿನ ವಿ. ಕೆ. ಮೂರ್ತಿ ಕಲಿತದ್ದು ಅಲ್ಲೇ. ನಮ್ಮ ಸುತ್ತಲಿನ ಉಜಿರೆ, ಮೂಡುಬಿದಿರೆಯ ಕಾಲೇಜುಗಳಲ್ಲಿ ಪದವಿಗೆ ಪತ್ರಿಕೋದ್ಯಮವಿದೆ. ಮಂಗಳೂರು ವಿಶ್ವವಿದ್ಯಾನಿಲಯದಲ್ಲಿ ಸ್ನಾತಕೋತ್ತರ ವಿಭಾಗವಿದೆ.

ಹೆಚ್ಚಿನ ದೊಡ್ಡ ಸಂಸ್ಥೆಗಳು ಮೊದಲು ಒಂದು ಪದವಿ ಕೇಳುತ್ತವೆ ಎಂಬುದನ್ನು ಹೆತ್ತವರು ಗಮನಿಸಬೇಕು. ಇದು ಒಳ್ಳೆಯದೇ. ವಿಜ್ಞಾನ, ಅರ್ಥಶಾಸ್ತ್ರ, ಕಾನೂನು ಯಾವುದನ್ನಾದರೂ ಓದಲಿ. ಸಮಾಜದ ಬಗ್ಗೆ ಚಿತ್ರ ತೆಗೆಯುವವರಿಗೆ ಸಮಾಜ ಗೊತ್ತಿರಬೇಕು. ಆ ಮೂರು ವರ್ಷಗಳಲ್ಲಿ ಆಸಕ್ತಿ ಉಳಿಯಿತೋ ಇಲ್ಲವೋ ಎಂಬುದೂ ತಿಳಿಯುತ್ತದೆ.

ಇನ್ನು ವಿಷಯಗಳಿಗೆ ನಮ್ಮಲ್ಲಿ ಬರವಿಲ್ಲ. ಬೆಳ್ತಂಗಡಿ ತಾಲೂಕಿನ ಕೊಕ್ಕಡ, ನಿಡ್ಲೆ, ಪಟ್ರಮೆಗಳಲ್ಲಿ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿದರು. 2011ರಲ್ಲಿ ಸುಪ್ರೀಂ ಕೋರ್ಟು ಆ ಕೀಟನಾಶಕವನ್ನು ನಿಷೇಧಿಸಿತು. ಆದರೆ ಕೈಕಾಲಿನಲ್ಲಿ ಬಲವಿಲ್ಲದ ಮಕ್ಕಳನ್ನು ಎತ್ತಿಕೊಂಡೇ ವಯಸ್ಸಾದ ತಾಯಂದಿರ ಚಿಂತೆ ನಿಷೇಧದಿಂದ ಮುಗಿಯುವಂಥದ್ದಲ್ಲ. ನೇತ್ರಾವತಿಯ ಮರಳು, ಮುಚ್ಚುತ್ತಿರುವ ಕನ್ನಡ ಶಾಲೆಗಳು, ಬೀಡಿ ಕೆಲಸ ಕಡಿಮೆಯಾದ ಮನೆಗಳು ಇವೆಲ್ಲ ನಮ್ಮ ಮಕ್ಕಳು ದಿನವೂ ಬಸ್ಸಿನ ಕಿಟಕಿಯಿಂದ ನೋಡುವ ಸಂಗತಿಗಳೇ.

ಕೈ ಮಾತ್ರ

ಆ ಹುಡುಗಿಗೆ ನಾನು ಒಂದು ಕೆಲಸ ಕೊಟ್ಟೆ. "ಕೋರ್ಸಿನ ಮಾತು ಆಮೇಲೆ. ಮೊದಲು ಮೊಬೈಲಿನಲ್ಲಿ ನಿನ್ನ ಅಮ್ಮನ ಬಗ್ಗೆಯೇ ಹತ್ತು ನಿಮಿಷದ ಚಿತ್ರ ಮಾಡಿ ತಾ. ಒಂದು ತಿಂಗಳು ಕೇಳು, ಮತ್ತೆ ತೆಗಿ" ಎಂದೆ.

ಮಗಳು ಕ್ಯಾಮರಾ ಹಿಡಿದಾಗ ತಾಯಿ ಒಂದು ಷರತ್ತು ಹಾಕಿದರಂತೆ. "ನನ್ನ ಮುಖ ಬೇಡ, ಕೈ ಮಾತ್ರ ತೋರಿಸು." ಹುಡುಗಿಗೆ ಬೇಸರವಾಯಿತು. ಮುಖವಿಲ್ಲದೆ ಚಿತ್ರ ಹೇಗೆ ಎಂದು ನನ್ನಲ್ಲಿ ಕೇಳಿದಳು. ಕೇಳಿದ್ದಕ್ಕೆ ಒಪ್ಪಿಗೆ ಸಿಕ್ಕಿದಷ್ಟೇ ನಮ್ಮದು, ಉಳಿದದ್ದು ಅವರದು ಎಂದೆ. ದೀಪಾ ಧನರಾಜ್ ಅವರ ಚಿತ್ರದಿಂದ ನಾನು ಕಲಿತದ್ದು ಅದನ್ನೇ ಅಲ್ಲವೇ?

ಚಿತ್ರ ಏಳು ನಿಮಿಷಕ್ಕೆ ಮುಗಿದಿದೆ. ಎಲೆ ಕತ್ತರಿಸುವ, ನೂಲು ಸುತ್ತುವ, ಬೀಡಿಯ ತುದಿ ಮಡಿಸುವ ಎರಡು ಕೈಗಳು. ಹಿಂದಿನಿಂದ ಅಮ್ಮನ ದನಿ. ಧ್ವನಿಯಲ್ಲಿ ಗಾಳಿಯ ಸದ್ದು ಹೆಚ್ಚಾಗಿದೆ, ಎರಡು ಕಡೆ ಕ್ಯಾಮರಾ ಅಲುಗಿದೆ. ಆದರೆ ಹೆಬ್ಬೆರಳಿನ ಉಗುರು ಯಾಕೆ ಸವೆದಿದೆ ಎಂದು ತಾಯಿ ಹೇಳುವ ಮಾತನ್ನು ಮಗಳು ಮೊದಲ ಸಲ ಕೇಳಿದ್ದು ಅಂದೇ. ಅವಳ ಮನೆಯ ಅಂಗಳದಲ್ಲಿ ನೆರೆಕರೆಯ ಎಂಟು ಹತ್ತು ಹೆಂಗಸರು ಸೇರಿ ಅದನ್ನು ನೋಡಿದರು. ನೋಡಿದ ಮೇಲೆ ತುಂಬ ಹೊತ್ತು ಮಾತಾಡಿದರು. ಬ್ರಾಂಚಿನ ವಿಷಯವನ್ನೂ ಮಾತಾಡಿದರು, ಅದೂ ಒಟ್ಟಿಗೆ ಕುಳಿತು.

ಸದ್ಯಕ್ಕೆ ಆಕೆ ಬಿಎ ಪತ್ರಿಕೋದ್ಯಮಕ್ಕೆ ಅರ್ಜಿ ಹಾಕಿದ್ದಾಳೆ; ಬಿಎಸ್ಸಿಗೂ ಹಾಕಿದ್ದಾಳೆ. ಯಾವುದಕ್ಕೆ ಸೇರುತ್ತಾಳೋ ಗೊತ್ತಿಲ್ಲ. ತಾಯಿಯ ಆತಂಕ ಪೂರ್ತಿ ಹೋಗಿಲ್ಲ, ಹೋಗಬೇಕಾಗಿಯೂ ಇಲ್ಲ. ಹೊಟ್ಟೆಪಾಡಿನ ಚಿಂತೆ ಮಾಡುವುದು ಹೆತ್ತವರ ತಪ್ಪಲ್ಲ. ಮಕ್ಕಳೂ ಅದನ್ನು ಅರ್ಥ ಮಾಡಿಕೊಂಡು, ಕೈಯಲ್ಲೊಂದು ವಿದ್ಯೆ ಇಟ್ಟುಕೊಂಡೇ ಈ ದಾರಿಗೆ ಬರಬೇಕು.

ಮೊನ್ನೆ ಅದೇ ಪೇಟೆಯಲ್ಲಿ ಆ ತಾಯಿ ಮತ್ತೆ ಸಿಕ್ಕಿದರು. ಅನ್ನದ ವಿಷಯ ತೆಗೆಯಲಿಲ್ಲ. "ಮಾಸ್ಟ್ರೇ, ಇನ್ನೊಂದು ತೆಗೆಯುವುದಾದರೆ ಮುಖ ತೋರಿಸಿದರೂ ಅಡ್ಡಿಲ್ಲ ಎಂದು ಅವಳಿಗೆ ಹೇಳಿದ್ದೇನೆ" ಎಂದರು.